ಅಕ್ಕನ ಧಾರಾವಾಹಿ ಮತ್ತು ನನ್ನ ಕಾಲು

ನನಗಿದ್ದ ಕೆಲಸ ಕೇಳುವುದು. ಅಕ್ಕ ಬರೆದದ್ದನ್ನು ಓದುತ್ತಿದ್ದಳು, ನಾನು ಬಟ್ಟೆ ಹೊಲಿಯುತ್ತಾ ಕೇಳಬೇಕಿತ್ತು. ಆ ಬೇಸಿಗೆ ನಾನು ಕೇಳಲಿಲ್ಲ. ಅಷ್ಟೇ ಆಗಿದ್ದರೆ ಇದನ್ನು ಬರೆಯುವ ಪ್ರಮೇಯ ಬರುತ್ತಿರಲಿಲ್ಲ. ದಣಿದವನ ಕಿವಿಗೆ ಏನೂ ಬೀಳುವುದಿಲ್ಲ, ಅದು ಎಲ್ಲರಿಗೂ ಗೊತ್ತಿರುವುದೇ. ಆದರೆ ನಾನು ಕೇಳಿದವನ ಹಾಗೆ ನಟಿಸಿದೆ. ಆ ನಟನೆಯನ್ನು ನಂಬಿ ಅಕ್ಕ ಕೆಲಸ ಕಳೆದುಕೊಂಡಳು. ಆಮೇಲೆ ತನ್ನ ಮೇಲಿನ ನಂಬಿಕೆಯನ್ನೂ ಕಳೆದುಕೊಂಡಳು.

ನಾನು ಎಂಟನೇ ಕ್ಲಾಸಿನಲ್ಲಿ ಫೇಲಾಗಿ ಶಾಲೆ ಬಿಟ್ಟವನು. ಅಳತೆ, ಗಿರಾಕಿಯ ಹೆಸರು, ಕೊಡಬೇಕಾದ ತಾರೀಕು, ಇಷ್ಟು ಬರೆದು ಅಭ್ಯಾಸ. ಆದ್ದರಿಂದ ನಡೆದದ್ದನ್ನು ನಡೆದ ಹಾಗೆ ಸಾಲಾಗಿ ಹೇಳಿಕೊಂಡು ಹೋಗುತ್ತೇನೆ.

ನಂಜನಗೂಡಿನ ಬಜಾರಿನ ಹಿಂದಿನ ಓಣಿಯಲ್ಲಿ ನಮ್ಮ ಮನೆ. ಮುಂದಿನ ಕೋಣೆಯೇ ನನ್ನ ಟೈಲರ್ ಅಂಗಡಿ. ಹಿಂದುಗಡೆ ನಾನೂ ನನ್ನ ಹೆಂಡತಿಯೂ, ಮೇಲಿನ ಶೀಟಿನ ಕೋಣೆಯಲ್ಲಿ ಅಕ್ಕ. ಅಕ್ಕ ಮದುವೆ ಬೇಡವೆಂದು ಓದಿದವಳು. ಊರಿನ ಒಂದು ಖಾಸಗಿ ಶಾಲೆಯಲ್ಲಿ ಕನ್ನಡ ಪಾಠ ಮಾಡುತ್ತಾ ರೇಡಿಯೊಗೆ ನಾಟಕ ಬರೆದು ಕಳಿಸುತ್ತಿದ್ದಳು. ಅವನ್ನು ಕೇಳಿದ್ದ ಬೆಂಗಳೂರಿನ ನಿರ್ದೇಶಕರೊಬ್ಬರು ಟಿ.ವಿ.ಯ ದಿನದ ಧಾರಾವಾಹಿಗೆ ಮಾತು ಬರೆಯಲು ಕರೆದರು. ಎರಡು ಸಾವಿರ ಇಸವಿ ಕಳೆದು ಒಂದೆರಡು ವರ್ಷವಾಗಿತ್ತು. ನಮ್ಮ ಓಣಿಯಲ್ಲಿ ಮೊಬೈಲು ಇದ್ದವರು ಯಾರೂ ಇರಲಿಲ್ಲ. ಅಂಗಡಿಯಲ್ಲಿ ಒಂದು ಲ್ಯಾಂಡ್‌ಲೈನ್ ಇತ್ತು, ಅದೇ ಅಕ್ಕನ ಆಫೀಸು.

ಕಥೆ ಅಕ್ಕನದಲ್ಲ. ಕಥೆ ಕಟ್ಟುವವರು ಬೆಂಗಳೂರಿನಲ್ಲಿ ಬೇರೆ ಇದ್ದರು. ಒಂದು ಕಂತಿನಲ್ಲಿ ಏನೇನಾಗಬೇಕು ಎಂದು ಅವರು ಫೋನಿನಲ್ಲಿ ನಾಲ್ಕೈದು ಮಾತಿನಲ್ಲಿ ಹೇಳುತ್ತಿದ್ದರು. ಅದಕ್ಕೆ ‘ಒನ್‌ಲೈನ್’ ಎನ್ನುತ್ತಿದ್ದರು. ‘ಅತ್ತೆ ಸೊಸೆಗೆ ಅವಮಾನ ಮಾಡುತ್ತಾಳೆ’ ಎಂದಷ್ಟೇ ಅವರು ಹೇಳುವುದು. ಅವಮಾನ ಮಾಡುವುದು ಹೇಗೆ, ಯಾವ ಮಾತಿನಲ್ಲಿ, ಆಗ ಸೊಸೆ ಕೈಯಲ್ಲಿ ಏನಿತ್ತು, ಅವಳು ಎದುರು ಮಾತಾಡಿದಳೋ ಇಲ್ಲವೋ, ಅದೆಲ್ಲ ಅಕ್ಕನ ಪಾಲಿನ ಕೆಲಸ.

ಮೊದಮೊದಲು ಅಕ್ಕ ಬರೆದದ್ದನ್ನು ಅಂಗಡಿಗೆ ತಂದು ಓದಿ, ‘ಹೆಂಗಿದೆಯೋ?’ ಎಂದು ಕೇಳುತ್ತಿದ್ದಳು. ನಾನು ‘ಚೆನ್ನಾಗದೆ ಕಣಕ್ಕ’ ಎನ್ನುತ್ತಿದ್ದೆ. ಒಂದು ದಿನ ಅವಳು ಊಟದ ದೃಶ್ಯವೊಂದನ್ನು ಓದಿದಳು. ಅತ್ತೆ ಎಲ್ಲರಿಗೂ ಎಲೆ ಹಾಕುತ್ತಾಳೆ, ಸೊಸೆಗೆ ಹಾಕುವುದಿಲ್ಲ. ಸೊಸೆ ಒಬ್ಬೊಬ್ಬರಿಗೂ ಬಡಿಸಿಕೊಂಡು ಬಂದು, ಕೊನೆಗೆ ಅನ್ನದ ಪಾತ್ರೆ ಹಿಡಿದುಕೊಂಡೇ, ‘ಅತ್ತೆ, ನಾನು ಎಲ್ಲಿ ಕೂತ್ಕೊಳ್ಲಿ?’ ಎಂದು ಕೇಳುತ್ತಾಳೆ. ನಾನು ಒಂದು ಪ್ಯಾಂಟಿನ ಕಾಲು ಹೊಲಿಯುತ್ತಿದ್ದೆ. ನನಗೇ ಗೊತ್ತಾಗದೆ ಪೆಡಲಿನ ಮೇಲೆ ಕಾಲು ನಿಂತುಬಿಟ್ಟಿತು.

“ಯಾಕೋ ನಿಲ್ಲಿಸ್ದೆ?” ಎಂದಳು ಅಕ್ಕ.

“ಇರಕ್ಕ, ಅವ್ಳು ಏನಂದ್ಳು ಮುಂದಕ್ಕೆ?”

ಅಕ್ಕ ಪೆನ್ನಿನಿಂದ ಆ ಸಾಲಿನ ಪಕ್ಕ ಒಂದು ಗೆರೆ ಎಳೆದಳು. ಆವತ್ತಿನಿಂದ ‘ಹೆಂಗಿದೆ’ ಎಂದು ಕೇಳುವುದನ್ನು ಬಿಟ್ಟಳು. “ಬಾಯಿ ಸುಳ್ಳು ಹೇಳ್ತದೆ ಕಣೋ, ನಿನ್ ಬಾಯಂತೂ ಹೇಳೇ ಹೇಳ್ತದೆ. ಕಾಲು ಹೇಳಲ್ಲ,” ಎಂದು ನಕ್ಕಳು.

ಅವಳ ಲೆಕ್ಕ ಸರಿಯಾಗಿಯೇ ಇತ್ತು. ಧಾರಾವಾಹಿಯನ್ನು ಯಾರೂ ಸಿನಿಮಾದಂತೆ ಕುಳಿತು ನೋಡುವುದಿಲ್ಲ. ಒಬ್ಬಳು ಬೆಳ್ಳುಳ್ಳಿ ಬಿಡಿಸುತ್ತಿರುತ್ತಾಳೆ, ಒಬ್ಬಳು ಹೂವು ಕಟ್ಟುತ್ತಿರುತ್ತಾಳೆ, ಇನ್ನೊಬ್ಬಳು ಮಗುವಿಗೆ ತಿನ್ನಿಸುತ್ತಿರುತ್ತಾಳೆ. ಒಂದು ಕಂತಿನಲ್ಲಿ ಒಂದು ಸಲವಾದರೂ ಆ ಕೈ ನಿಲ್ಲಬೇಕು. “ಕೈ ನಿಲ್ಸೋಕೆ ಆಗದಿದ್ರೆ ನಾನು ಬರೆದದ್ದು ಬರೀ ಸದ್ದು,” ಎನ್ನುತ್ತಿದ್ದಳು. ಹಾಗಾಗಿ ನಾನು ಹೊಲಿಯುತ್ತಲೇ ಕೇಳಬೇಕಿತ್ತು. ಕೆಲಸ ಬಿಟ್ಟು ಎದುರಿಗೆ ಕುಳಿತರೆ ಒಪ್ಪುತ್ತಿರಲಿಲ್ಲ. ಮಿಷನ್ ನಿಂತರೆ ದೃಶ್ಯ ಪಾಸು. ಒಂದು ಸಲವೂ ನಿಲ್ಲದಿದ್ದರೆ ಹಾಳೆ ಮಡಚಿಕೊಂಡು ಮೇಲೆ ಹೋಗಿ ಮತ್ತೆ ಬರೆಯುತ್ತಿದ್ದಳು.

ದಿನದ ಕೆಲಸ ಹೀಗೆ ನಡೆಯುತ್ತಿತ್ತು. ಬೆಳಿಗ್ಗೆ ಕಾಫಿಗೆ ಮುಂಚೆಯೇ ಅಕ್ಕ ಬರೆಯಲು ಕೂರುವಳು. ಪ್ರತಿ ದೃಶ್ಯದ ತಲೆಯ ಮೇಲೆ ಹಗಲೋ ರಾತ್ರಿಯೋ, ಮನೆಯ ಒಳಗೋ ಹೊರಗೋ, ಯಾವ ಯಾವ ಪಾತ್ರಗಳು ಎಂದು ಬರೆಯಬೇಕು. ಅದನ್ನು ನೋಡಿಕೊಂಡೇ ಅಲ್ಲಿ ಕಲಾವಿದರನ್ನು ಕರೆಸುವುದು. ಯಾವ ನಟ ಯಾವತ್ತು ಸಿಗುತ್ತಾನೆ ಎಂಬ ಪಟ್ಟಿಯನ್ನು ಗೋಡೆಗೆ ಅಂಟಿಸಿಕೊಂಡಿದ್ದಳು. ಮಾವನ ಪಾತ್ರದವರು ಸಿಗದ ದಿನ ಮಾವ ಸಂತೆಗೆ ಹೋಗಿರುತ್ತಿದ್ದರು. ತಿಂಡಿಯ ಹೊತ್ತು ಕಳೆದ ಮೇಲೆ ಕೆಳಗಿಳಿದು ಬಂದು ನನ್ನ ಬಲಗಡೆ ಸ್ಟೂಲಿನ ಮೇಲೆ ಕುಳಿತು ಓದುವಳು. ಆಮೇಲೆ ತಿದ್ದಿ, ಕಾರ್ಬನ್ ಇಟ್ಟು ದುಂಡಗೆ ನಕಲು ಮಾಡುವಳು. ಅದನ್ನು ನಾನು ಸೈಕಲ್ಲಿನಲ್ಲಿ ಬಸ್‌ಸ್ಟ್ಯಾಂಡಿನ ಹತ್ತಿರದ ಫ್ಯಾಕ್ಸ್ ಅಂಗಡಿಗೆ ಒಯ್ಯುತ್ತಿದ್ದೆ.

ಫ್ಯಾಕ್ಸ್ ಅಂಗಡಿಯವನು ಒಂದೊಂದು ಹಾಳೆಯನ್ನೂ ಓದಿಯೇ ಮಿಷನ್ನಿಗೆ ಹಾಕುತ್ತಿದ್ದ. ಇಡೀ ರಾಜ್ಯಕ್ಕಿಂತ ಮುಂಚೆ ಕಥೆ ಗೊತ್ತಾಗುತ್ತಿದ್ದದ್ದು ಅವನಿಗೆ.

“ಏನ್ ಟೈಲರ್ ಸಾ, ಆ ಸೊಸೆ ಮನೆ ಬುಟ್ಟು ಓದ್ಳೋ ಇಲ್ವೋ? ನಮ್ ಮನೇಲಿ ಪಂತ ಕಟ್ಟವ್ರೆ.”

“ಮೊದ್ಲು ಕಳ್ಸಪ್ಪ. ಅಲ್ಲಿ ಲೈಟು ಹಾಕ್ಕಂಡು ಕಾಯ್ತಾವ್ರೆ.”

“ಕಳಿಸ್ತೀನಿ ಇರಿ. ಈ ಅತ್ತೆಗೆ ಒಂದ್ ಕಾಯಿಲೆ ಕಸಾಲೆ ಕೊಡಕ್ಕೇಳಿ ಅಕ್ಕೋರ್ಗೆ. ಬಲೇ ಮೆರೀತಾವ್ಳೆ.”

ಕರೆಂಟು ಹೋದರೆ ಫ್ಯಾಕ್ಸ್ ಸತ್ತುಹೋಗುತ್ತಿತ್ತು. ಆಗ ಅವನ ಬೂತಿನ ಗಾಜಿನ ಬಾಗಿಲು ಹಾಕಿಕೊಂಡು, ನಾನು ಫೋನಿನಲ್ಲಿ ಇಡೀ ಕಂತನ್ನು ಕೂಗಿ ಹೇಳುತ್ತಿದ್ದೆ. ಆ ಕಡೆ ಯಾರೋ ಬರೆದುಕೊಳ್ಳುತ್ತಿದ್ದರು. ‘ನೀವು ನನ್ನನ್ನು ಈ ಮನೆಯಿಂದ ದೂಡಬಹುದು’ ಎಂದು ನಾನು ಬೆವರು ಸುರಿಸಿಕೊಂಡು ಕೂಗುತ್ತಿದ್ದರೆ ಹೊರಗೆ ಬಸ್ಸು ಕಾಯುವ ಹೆಂಗಸರು ಸೆರಗು ಬಾಯಿಗೆ ಹಿಡಿದು ನಗುತ್ತಿದ್ದರು.

ಧಾರಾವಾಹಿ ಓಡಿತು. ಶಾಲೆ ಮತ್ತು ಬರವಣಿಗೆ ಎರಡನ್ನೂ ನಿಭಾಯಿಸಲಾಗದೆ ಅಕ್ಕ ಶಾಲೆಗೆ ರಾಜೀನಾಮೆ ಕೊಟ್ಟಳು. ನನಗೂ ಒಳಗೊಳಗೇ ಜಂಬ. ಕ್ಷೌರದ ಅಂಗಡಿಯಲ್ಲಿ, ಟೀ ಅಂಗಡಿಯಲ್ಲಿ, ‘ನನ್ ಕಾಲು ನಿಂತ್ರೆ ಮಾತ್ರ ಅದು ಟೀವಿಗೆ ಹೋಗದು’ ಎಂದು ಹೇಳಿಕೊಂಡು ತಿರುಗಿದೆ. ಎಂಟನೇ ಕ್ಲಾಸು ಫೇಲಾದವನ ಮಾತಿಗೆ ಬೆಂಗಳೂರಿನವರು ಕಾಯುತ್ತಾರೆ ಎಂದರೆ ಸಣ್ಣ ವಿಷಯವೇ?

ಎರಡನೇ ವರ್ಷದ ಬೇಸಿಗೆಯಲ್ಲಿ ಎಲ್ಲವೂ ಒಟ್ಟಿಗೆ ಬಂದವು. ಶಾಲೆಗಳು ತೆರೆಯುವ ಮುಂಚಿನ ಯೂನಿಫಾರಂ ಕೆಲಸ ಪ್ರತಿ ವರ್ಷವೂ ಇದ್ದದ್ದೇ. ಆ ಸಲ ತಾಂಡವಪುರದ ಕಡೆಯ ಒಂದು ಕಾರ್ಖಾನೆಯಿಂದ ಕೆಲಸಗಾರರ ನೀಲಿ ಅಂಗಿಗಳ ಆರ್ಡರೂ ಬಂತು. ಬಿಡಲು ಮನಸ್ಸಾಗಲಿಲ್ಲ, ಒಪ್ಪಿಕೊಂಡೆ. ಅದೇ ಹೊತ್ತಿಗೆ ಚಾನೆಲ್‌ನವರು ಧಾರಾವಾಹಿಯನ್ನು ಶನಿವಾರಕ್ಕೂ ವಿಸ್ತರಿಸಿದರು. ಮುಂಚಿತವಾಗಿ ಚಿತ್ರೀಕರಿಸಿ ಇಟ್ಟುಕೊಂಡಿರುವ ಕಂತುಗಳಿಗೆ ಅವರು ‘ಬ್ಯಾಂಕ್’ ಎನ್ನುತ್ತಿದ್ದರು. ಆ ಬ್ಯಾಂಕ್ ಬರಿದಾಯಿತು. ಇವತ್ತು ಬರೆದದ್ದು ನಾಳೆ ಚಿತ್ರೀಕರಣ, ನಾಡಿದ್ದು ಪ್ರಸಾರ ಎನ್ನುವ ಸ್ಥಿತಿ ಬಂತು. ಇದರ ಮಧ್ಯೆ ಸೊಸೆಯ ಪಾತ್ರದ ನಟಿ ಕಾಮಾಲೆಯಾಗಿ ಮಲಗಿದಳು. ಅವಳಿಗೆಂದು ಬರೆದಿದ್ದನ್ನೆಲ್ಲ ಬೇರೆಯವರ ಬಾಯಿಗೆ ಹಂಚಿ ಮತ್ತೆ ಬರೆಯಬೇಕಾಯಿತು.

ಅಕ್ಕ ದಿನಕ್ಕೆ ಒಂದು ಸಲ ಓದುತ್ತಿದ್ದವಳು ಎರಡು ಸಲ, ಮೂರು ಸಲ ಓದತೊಡಗಿದಳು. ನನ್ನ ಮುಂದೆ ಕತ್ತರಿಸಿದ ಕಾಲರುಗಳ ರಾಶಿ. ಮಿಷನ್ ನಿಲ್ಲದಿದ್ದರೆ ಅವಳು ಮತ್ತೆ ಬರೆದು ತಂದು ಮತ್ತೆ ಓದುವಳು. ಅಲ್ಲಿಯವರೆಗೆ ಫ್ಯಾಕ್ಸ್ ಹೋಗುವುದಿಲ್ಲ, ಬೆಂಗಳೂರಿನಿಂದ ಫೋನ್ ನಿಲ್ಲುವುದಿಲ್ಲ. ಅಕ್ಕನ ಕಣ್ಣ ಕೆಳಗೆ ಕಪ್ಪು ಇಳಿದಿತ್ತು. ನನಗೆ ಮೊಣಕಾಲಿನಿಂದ ಸೊಂಟದವರೆಗೂ ಜೋಮು.

ಶುರುವಾದದ್ದು ಬಾಬಿನ್‌ನಿಂದ. ಅಕ್ಕ ಏನೋ ಓದುತ್ತಿದ್ದಳು, ನಾನು ಅಂಗಿಯ ತೋಳು ಕೂಡಿಸುತ್ತಿದ್ದೆ. ಕೆಳಗಿನ ಬಾಬಿನ್ನಿನ ನೂಲು ಮುಗಿಯಿತು. ಮಿಷನ್ ನಿಲ್ಲಿಸಿದೆ. ಅಕ್ಕ ತಲೆ ಎತ್ತಿ ನೋಡಿದಳು. ಆ ಮುಖ ನನಗೆ ಈಗಲೂ ಕಾಣುತ್ತದೆ. ಎಷ್ಟೋ ದಿನದ ಮೇಲೆ ಅಲ್ಲಿ ನೆಮ್ಮದಿ ಕಂಡಿತ್ತು. ಹಾಳೆಯ ಪಕ್ಕ ಗೆರೆ ಎಳೆದು, “ಸದ್ಯ,” ಎಂದು ಎದ್ದು ಹೋದಳು. ‘ನೂಲು ಮುಗೀತು ಕಣಕ್ಕ’ ಎಂದು ಹೇಳಲು ಬಾಯಿ ತೆರೆದವನು ಸುಮ್ಮನಾದೆ. ಆವತ್ತು ಎರಡನೇ ಓದು ಇರಲಿಲ್ಲ. ಫ್ಯಾಕ್ಸ್ ಬೇಗ ಹೋಯಿತು. ಅಕ್ಕ ಮಧ್ಯಾಹ್ನ ಸ್ವಲ್ಪ ಹೊತ್ತು ಮಲಗಿದಳು. ನನ್ನ ಅಂಗಿಗಳೂ ಮುಗಿದವು. ಇದರಿಂದ ಯಾರಿಗೆ ಏನು ನಷ್ಟ ಎಂದುಕೊಂಡೆ.

ಎರಡು ದಿನ ಕಳೆದು ಬೇಕೆಂದೇ ನಿಲ್ಲಿಸಿದೆ.

ಎಲ್ಲಿ ನಿಲ್ಲಿಸಬೇಕೆಂದು ತಿಳಿಯಲು ಕಥೆ ಕೇಳಬೇಕಾಗಿಯೇ ಇರಲಿಲ್ಲ. ತನಗೆ ಇಷ್ಟವಾದ ಸಾಲು ಬಂದಾಗ ಅಕ್ಕನ ದನಿ ಸಣ್ಣಗಾಗುತ್ತಿತ್ತು. ದನಿ ಇಳಿದ ಕೂಡಲೇ ನಾನು ಕಾಲು ತೆಗೆಯುತ್ತಿದ್ದೆ. ಒಂದೆರಡು ಉಸಿರು ಬಿಟ್ಟು ಮತ್ತೆ ತುಳಿಯುತ್ತಿದ್ದೆ. ಅನುಮಾನ ಬರಬಾರದೆಂದು ಒಮ್ಮೊಮ್ಮೆ ನಿಲ್ಲಿಸದೆಯೂ ಇರುತ್ತಿದ್ದೆ, ಅವಳು ಹೋಗಿ ತಿದ್ದಿ ತಂದ ಮೇಲೆ ನಿಲ್ಲಿಸುತ್ತಿದ್ದೆ. ಅಷ್ಟು ಕಳ್ಳತನ ಕಲಿತಿದ್ದೆ. ನನ್ನ ತಲೆಯಲ್ಲಿ ಇರುತ್ತಿದ್ದದ್ದು ಕಾಲರು, ಕಾಜಾ, ಗುಂಡಿ. ಅವಳಿಗೆ ಇಷ್ಟವಾದದ್ದನ್ನೇ ನಾನು ಅವಳಿಗೆ ವಾಪಸು ಕೊಡುತ್ತಿದ್ದೆ. ಅದನ್ನು ಅವಳು ಜನರ ಮನಸ್ಸು ಎಂದು ತಿಳಿಯುತ್ತಿದ್ದಳು.

ಮೊದಲು ಗೊತ್ತಾದದ್ದು ಫ್ಯಾಕ್ಸ್ ಅಂಗಡಿಯವನಿಗೆ. ಅವನು ಹಾಳೆಗಳನ್ನು ಓದದೆ ಹಾಕತೊಡಗಿದ್ದ.

“ಯಾಕಪ್ಪ, ಪಂತ ಮುಗೀತಾ?” ಎಂದೆ.

“ಬೇಜಾರು ಮಾಡ್ಕಬ್ಯಾಡಿ ಸಾ. ಎಲ್ರೂ ಬಾಷಣ ಮಾಡ್ತಾವ್ರೆ ಈಚೀಚೆಗೆ. ಅಕ್ಕೋರ್ಗೆ ಉಸಾರಿಲ್ವಾ?”

“ಕೆಲ್ಸ ಜಾಸ್ತಿ,” ಎಂದೆ. ಮನೆಗೆ ಬಂದು ಅಕ್ಕನಿಗೆ ಹೇಳಲಿಲ್ಲ.

ಆಮೇಲೆ ಗೊತ್ತಾದದ್ದು ನನ್ನ ಹೆಂಡತಿಯಿಂದ. ಅವಳು ಬಾಯಲ್ಲಿ ಏನೂ ಹೇಳಲಿಲ್ಲ. ಸಂಜೆ ಟಿ.ವಿ. ಮುಂದೆ ಕಡಲೆಕಾಯಿ ಬಿಡಿಸುತ್ತಾ ಕುಳಿತಿದ್ದಳು. ಅತ್ತೆಯ ಪಾತ್ರ ಅಳುತ್ತಿತ್ತು. ಹೆಂಡತಿ ಒಂದೊಂದೇ ಕಾಯಿ ಬಿಡಿಸುತ್ತಲೇ ಇದ್ದಳು. ಮಧ್ಯೆ ಎದ್ದು ಹಾಲು ನೋಡಲು ಒಳಗೆ ಹೋದಳು, ಹಾಲು ಉಕ್ಕಿ ಇಳಿಸಿದ ಮೇಲೂ ವಾಪಸು ಬರಲಿಲ್ಲ. ಅಕ್ಕ ಮೇಲಿದ್ದಳು, ನೋಡಲಿಲ್ಲ. ನೋಡಿದ್ದು ನಾನು. ನಾಳೆಯಿಂದ ಸರಿಯಾಗಿ ಕೇಳುತ್ತೇನೆ ಎಂದುಕೊಂಡೆ. ಮಾರನೆಯ ದಿನ ಕಾರ್ಖಾನೆಯವರು ಅಂಗಿ ಕೇಳಲು ಬಂದು ಬಾಗಿಲಲ್ಲಿ ನಿಂತಿದ್ದರು.

ಬೆಂಗಳೂರಿನಿಂದ ದೂರುಗಳು ಶುರುವಾದವು. ನಿರ್ದೇಶಕರು ಸಭ್ಯರು, ಅಕ್ಕನ ಮೇಲೆ ಗೌರವ ಇದ್ದವರು. ಆದರೂ ಫೋನಿನಲ್ಲಿ, ‘ಮೇಡಂ, ಮೊದಲಿನ ಹಾಗೆ ಬರ್ತಿಲ್ಲ’ ಎಂದರು. ಅಕ್ಕ ಇನ್ನೂ ಹೆಚ್ಚು ಹೊತ್ತು ಕುಳಿತು ಬರೆದಳು, ಹೆಚ್ಚು ಓದಿದಳು. ನಾನು ಹೆಚ್ಚು ನಿಲ್ಲಿಸಿದೆ.

ಹೀಗಿರುವಾಗ ಮಾವನ ಸಾವಿನ ದೃಶ್ಯ ಬಂತು. ಸಾಯುವ ಮುನ್ನ ಮಾವ ಮನೆಯವರನ್ನೆಲ್ಲ ಕರೆದು ಮಾತಾಡಬೇಕು, ಅಲ್ಲಿಂದ ಕಥೆ ತಿರುಗಬೇಕು. ಚಾನೆಲ್‌ನವರು ಅದನ್ನೇ ಮುಂದಿಟ್ಟುಕೊಂಡು ವಾರವಿಡೀ ಜಾಹೀರಾತು ಮಾಡುವವರಿದ್ದರು. ಅಕ್ಕ ಅದಕ್ಕಾಗಿ ಎಷ್ಟು ಹಾಳೆ ಹರಿದಳೋ. ಒಂದು ಬೆಳಿಗ್ಗೆ ಬಂದು ಸ್ಟೂಲಿನ ಮೇಲೆ ಕುಳಿತು ಓದಿದಳು. ಆ ದೃಶ್ಯದ ಒಂದು ಮಾತೂ ನನ್ನ ನೆನಪಿನಲ್ಲಿಲ್ಲ. ನನಗೆ ನೆನಪಿರುವುದು, ಒಂದು ಅಂಗಿಗೆ ಎಡತೋಳನ್ನು ಬಲಕ್ಕೆ ಕೂಡಿಸಿಬಿಟ್ಟಿದ್ದೇನೆ ಎಂದು ಆಗ ಗೊತ್ತಾಗಿದ್ದು. ಬಿಚ್ಚಬೇಕಲ್ಲ ಎಂದು ಮನಸ್ಸಿನಲ್ಲೇ ಬೈದುಕೊಂಡೆ. ಆಗ ಅಕ್ಕನ ದನಿ ಇಳಿಯಿತು. ಕಾಲು ತೆಗೆದೆ. ಅವಳು ಗೆರೆ ಎಳೆದಳು.

ಮಾರನೆಯ ದಿನ ನಿರ್ದೇಶಕರೇ ಬಂದರು. ಹೊಳೆಯ ದಡದಲ್ಲಿ ಮಾವನ ಕರ್ಮದ ದೃಶ್ಯ ತೆಗೆಯಲು ಜಾಗ ನೋಡಬೇಕಿತ್ತಂತೆ. ಹಾಗೆಯೇ ಮನೆಗೆ ಬಂದೆ ಎಂದರು. ನನ್ನ ಹೆಂಡತಿ ಕಾಫಿ ತಂದುಕೊಟ್ಟಳು. ಅವರು ಅಂಗಡಿಯ ಬೆಂಚಿನ ಮೇಲೆ ಕುಳಿತು, ಫ್ಯಾಕ್ಸಿನ ಹಾಳೆ ತೊಡೆಯ ಮೇಲೆ ಇಟ್ಟುಕೊಂಡರು.

“ಮೇಡಂ, ಸಾಯೋ ಮನುಷ್ಯ ಇಷ್ಟೊಂದು ಮಾತಾಡ್ತಾನಾ?”

“ಅವ್ರು ಜೀವಮಾನವೆಲ್ಲ ಮಾತಾಡ್ದೆ ಇದ್ದವ್ರು ಸರ್. ಈಗ ಆಡ್ತಾರೆ.”

“ನಾನು ಓದ್ದೆ. ನಂಗೇನೂ ಆಗ್ಲಿಲ್ಲ. ನಿಮ್ಮ ಊಟದ ಸೀನ್ ಓದಿದಾಗ ನಾನು ಡ್ರೈವರ್‌ಗೆ ಕಾರ್ ನಿಲ್ಸು ಅಂದಿದ್ದೆ, ಗೊತ್ತಾ? ಇದು ಹಾಗಿಲ್ಲ. ನಾಳಿದ್ದು ಶೂಟ್. ಇವತ್ತು ನಾನು ಇಲ್ಲೇ ಇರ್ತೀನಿ. ಇನ್ನೊಂದ್ಸಲ ಬರೀರಿ.”

ಅಕ್ಕ ಹಾಳೆ ತೆಗೆದುಕೊಂಡು ನೋಡಿದಳು. ಅವಳಿಗೂ ಒಳಗೆ ಎಲ್ಲೋ ಅನುಮಾನ ಇತ್ತು ಎಂದು ಈಗ ನನಗೆ ಅನ್ನಿಸುತ್ತದೆ. ಆದರೂ ತಲೆ ಎತ್ತಿ, “ಬೇಡ ಸರ್, ಇದನ್ನ ಬದಲಾಯ್ಸಲ್ಲ. ಇದಕ್ಕೆ ನನ್ ತಮ್ಮ ಮಿಷನ್ ನಿಲ್ಲಿಸಿದಾನೆ,” ಎಂದಳು.

ನಿರ್ದೇಶಕರಿಗೆ ಆ ಪದ್ಧತಿ ಗೊತ್ತಿತ್ತು. ಅದನ್ನು ಎಷ್ಟೋ ಸಲ ಹೊಗಳಿದ್ದರು. ಅವರು ನನ್ನ ಕಡೆ ತಿರುಗಿದರು.

“ಹೌದೇನ್ರೀ? ಈ ಸೀನಿಗೆ ನಿಂತಿತಾ?”

ಹೇಳಬಹುದಿತ್ತು. ‘ನಾನು ಕೇಳ್ಲಿಲ್ಲ ಸಾ, ಮೈ ಮೇಲೆ ಗ್ಯಾನ ಇರ್ಲಿಲ್ಲ’ ಎಂದಿದ್ದರೆ ಅಕ್ಕ ಬೈಯುತ್ತಿದ್ದಳು, ಮುನಿಸಿಕೊಳ್ಳುತ್ತಿದ್ದಳು, ಆದರೆ ಮೇಲೆ ಹೋಗಿ ಮತ್ತೆ ಬರೆಯುತ್ತಿದ್ದಳು. ಅವಳಿಗೆ ಇನ್ನೊಂದು ದಿನ ಸಿಗುತ್ತಿತ್ತು. ಅವರಿಬ್ಬರೂ ನನ್ನನ್ನೇ ನೋಡುತ್ತಿದ್ದರು. ಆ ನೋಟದಲ್ಲಿ ನನಗೊಂದು ಸ್ಥಾನವಿತ್ತು. ಅದು ಹೋಗುತ್ತದೆ ಎಂದು ಹೆದರಿದೆ.

“ಹೂಂ ಸಾ, ನಿಂತಿತ್ತು,” ಎಂದೆ.

ನಿರ್ದೇಶಕರು ಹೊರಡುವಾಗ ನಾನು ವ್ಯಾನಿನವರೆಗೆ ಹೋದೆ. ಅವರು ಬಾಗಿಲಿಗೆ ಕೈಯಿಟ್ಟುಕೊಂಡು ಮತ್ತೊಮ್ಮೆ ಕೇಳಿದರು. “ಇಲ್ಲಿ ಅವ್ರಿಲ್ಲ. ನಿಮ್ಮ ಮನಸ್ಸಿಗೆ ಏನನ್ನಿಸ್ತೋ ಅದನ್ನ ಹೇಳಿ. ನಾನು ಯಾರಿಗೂ ಹೇಳಲ್ಲ.”

“ಚೆಂದಾಗೇ ಇತ್ತು ಸಾ.”

“ಹಾಗಾದ್ರೆ ನಾವು ಮಾಡೋದು ಬೇರೆ, ನಿಮಗೆ ಹಿಡಿಸೋದು ಬೇರೆ ಅಂತಾಯ್ತು,” ಎಂದು ಹತ್ತಿ ಕುಳಿತರು. ಅವರ ದನಿಯಲ್ಲಿ ಸಿಟ್ಟಿರಲಿಲ್ಲ.

ಆ ದೃಶ್ಯವನ್ನು ಬೇರೆಯವರ ಕೈಯಲ್ಲಿ ಬರೆಸಿದರು. ಅದು ಪ್ರಸಾರವಾದ ದಿನ ಅಕ್ಕ ಕೆಳಗೆ ಬಂದು ನಮ್ಮ ಜೊತೆ ಕುಳಿತು ನೋಡಿದಳು. ಮಾವ ಏನೂ ಮಾತಾಡದೆ ಮಗನ ಕೈ ಹಿಡಿದುಕೊಂಡು ಸತ್ತರು. ನನ್ನ ಹೆಂಡತಿ ಕಣ್ಣೊರೆಸಿಕೊಂಡಳು. ಅಕ್ಕ ಅವಳನ್ನು ನೋಡಿ, ನನ್ನನ್ನು ನೋಡಿ, ಎದ್ದು ಹೋದಳು. ಮುಂದಿನ ವಾರದಿಂದ ಒನ್‌ಲೈನ್ ಬರುವುದು ನಿಂತಿತು. ಶೀರ್ಷಿಕೆಯಲ್ಲಿ ಅಕ್ಕನ ಹೆಸರಿದ್ದ ಜಾಗದಲ್ಲಿ ಬೇರೆ ಹೆಸರು ಬಂತು.

ಅವಳು ಅಳಲಿಲ್ಲ, ಯಾರನ್ನೂ ಬೈಯಲಿಲ್ಲ. “ನಮ್ಮಂಥವ್ರಿಗೆ ಹಿಡ್ಸೋದು ಇನ್ನು ಯಾರಿಗೂ ಹಿಡ್ಸಲ್ಲ ಕಣೋ. ನಿನ್ ಕಾಲೂ ಹಳೇದಾಯ್ತು, ನನ್ ಕೈಯೂ ಹಳೇದಾಯ್ತು,” ಎಂದು ನನ್ನನ್ನೇ ಸಮಾಧಾನ ಮಾಡಿದಳು. ನನಗೆ ಅದಕ್ಕಿಂತ ದೊಡ್ಡ ಶಿಕ್ಷೆ ಇರಲಿಲ್ಲ. ಆಗಲೂ ಬಾಯಿ ಬಿಡಲಿಲ್ಲ.

ಊರಿನ ಶಾಲೆಯಲ್ಲಿ ಅವಳ ಜಾಗ ಭರ್ತಿಯಾಗಿತ್ತು. ತಿ. ನರಸೀಪುರದ ಒಂದು ಶಾಲೆಯಲ್ಲಿ ಕೆಲಸ ಸಿಕ್ಕಿತು. ಮೊದಲು ದಿನವೂ ಬಸ್ಸಿನಲ್ಲಿ ಓಡಾಡಿದಳು, ಆಮೇಲೆ ಅಲ್ಲೇ ಒಂದು ವಠಾರದಲ್ಲಿ ಮನೆ ಮಾಡಿದಳು. ಹಬ್ಬಕ್ಕೆ ಬರುತ್ತಿದ್ದಳು. ಆಮೇಲೆ ಹುಟ್ಟಿದ ನನ್ನ ಮಗಳು ಕಥೆ ಹೇಳು ಎಂದರೆ, ‘ನಂಗೆ ಬರಲ್ಲ ಕೂಸೇ, ನಿಮ್ಮಪ್ಪನ್ನ ಕೇಳು’ ಎನ್ನುತ್ತಿದ್ದಳು. ವರ್ಷಗಳು ಹೀಗೆ ಹೋದವು. ನಾನು ಮೋಟಾರಿನ ಮಿಷನ್ ಹಾಕಿಸಿದೆ. ಫ್ಯಾಕ್ಸ್ ಅಂಗಡಿ ಮೊಬೈಲ್ ರಿಪೇರಿ ಅಂಗಡಿಯಾಯಿತು. ಅಲ್ಲಿ ಹಾದುಹೋಗುವಾಗಲೆಲ್ಲ ಅವನು, ‘ಅಕ್ಕೋರು ಬರೀತಾವ್ರಾ ಸಾ?’ ಎಂದು ಕೇಳುತ್ತಿದ್ದ.

ಕಡೆಗೆ ಒಂದು ದಿನ ಅಂಗಡಿಯ ಫೋನಿಗೆ ಅದೇ ನಿರ್ದೇಶಕರ ಕರೆ ಬಂತು. ಒಂದು ಸಿನಿಮಾ ಮಾಡುತ್ತಿದ್ದೇನೆ, ಹೊಲಿಗೆ ಕೆಲಸದ ಹೆಂಗಸೊಬ್ಬಳ ಕಥೆ, ಮೇಡಂ ಕೈಯಲ್ಲೇ ಬರೆಸಬೇಕು, ಅವರ ನಂಬರು ಕೊಡಿ ಎಂದರು. ಕೊಟ್ಟೆ. ಎರಡು ದಿನ ಬಿಟ್ಟು ಅವರೇ ಮತ್ತೆ ಮಾಡಿದರು. “ಅವ್ರು ಆಗಲ್ಲ ಅಂತಾರೆ. ನಂಗೆ ಈಗ ಚೆನ್ನಾಗಿರೋದು ಯಾವ್ದು, ಕೆಟ್ಟದ್ದು ಯಾವ್ದು ಗೊತ್ತಾಗಲ್ಲ ಅಂತಾರೆ. ನೀವೊಂದು ಮಾತು ಹೇಳಿ. ಭಾನುವಾರದವರೆಗೆ ಕಾಯ್ತೀನಿ, ಆಮೇಲೆ ಬೇರೆ ಯಾರನ್ನಾದ್ರೂ ನೋಡ್ಬೇಕು.”

ಶನಿವಾರ ಅಂಗಡಿ ಮುಚ್ಚಿ ತಿ. ನರಸೀಪುರದ ಬಸ್ಸು ಹತ್ತಿದೆ. ಹದಿನಾರು ಎಂಬ ಊರು ದಾಟುವವರೆಗೆ ನಿಂತೇ ಇದ್ದೆ. ಆಮೇಲೆ ಸೀಟು ಸಿಕ್ಕಿದರೂ ಕೂರಲಾಗಲಿಲ್ಲ. ಹೇಳದೆಯೂ ಅಕ್ಕನನ್ನು ಒಪ್ಪಿಸುವ ದಾರಿ ಇದೆಯೇ ಎಂದು ದಾರಿಯುದ್ದಕ್ಕೂ ಹುಡುಕಿದೆ. ನೀನು ಚೆನ್ನಾಗಿ ಬರೆಯುತ್ತೀಯ ಎಂದು ನಾನು ಹೇಳಿದರೆ ಆಯಿತಲ್ಲ ಎಂದುಕೊಂಡೆ.

ಅಕ್ಕ ಶಾಲೆಯಿಂದ ಬಂದು ಬಾಗಿಲಲ್ಲಿ ಕುಳಿತು ರಾಗಿ ಆರಿಸುತ್ತಿದ್ದಳು. ಕೂದಲು ನನಗಿಂತ ಹೆಚ್ಚು ಬೆಳ್ಳಗಾಗಿತ್ತು.

“ಏನೋ, ಹೇಳ್ದೆ ಕೇಳ್ದೆ ಬಂದ್ಬಿಟ್ಟೆ? ಮಗು ಚೆನ್ನಾಗದಾ?”

“ಎಲ್ಲ ಚೆಂದಾಗವ್ರೆ. ಆ ಡೈರೆಕ್ಟ್ರು ಫೋನ್ ಮಾಡಿದ್ರು.”

“ನಂಗೂ ಮಾಡಿದ್ರು. ನಾಳೆ ಆಗಲ್ಲ ಅಂತ ಕಡಾಖಂಡಿತ ಹೇಳ್ಬಿಡ್ತೀನಿ. ಪಾಪ, ಕಾಯ್ತಾವ್ರೆ.”

“ಯಾಕಕ್ಕ? ನೀನು ಚೆಂದಾಗ್ ಬರೀತೀಯ. ಬರಿ.”

ಅವಳು ನಕ್ಕಳು. “ನೀನ್ ಹೇಳಿದ್ರೆ ಆಯ್ತಾ? ಆವತ್ತೂ ನೀನು ಚೆನ್ನಾಗದೆ ಅಂದಿದ್ದೆ, ನಾನೂ ಚೆನ್ನಾಗದೆ ಅಂದಿದ್ದೆ. ಇಬ್ರಿಗೂ ಗೊತ್ತಾಗ್ಲಿಲ್ಲ. ಗೊತ್ತಾಗದವ್ಳು ಯಾವ ಧೈರ್ಯದ ಮೇಲೆ ಬರೀಬೇಕು, ನೀನೇ ಹೇಳು.” ಒಂದು ಕಲ್ಲು ಆರಿಸಿ ಪಕ್ಕಕ್ಕಿಟ್ಟಳು. “ನೀನು ಬೇಜಾರು ಮಾಡ್ಕೊಬೇಡ. ನೀನೊಬ್ನೇ ನಂಗೆ ನಿಜ ಹೇಳಿದವನು. ಅದೇ ಸಾಕು ನಂಗೆ.”

ನಾನು ಹೊಸ್ತಿಲ ಕೆಳಗೆ, ಅವಳ ಮೊರದ ಎದುರು ಕುಳಿತೆ.

“ಅಕ್ಕ, ನಾನು ಕೇಳ್ಲೇ ಇಲ್ಲ.”

“ಏನು?”

“ಆ ಮಾವ ಸಾಯೋ ಸೀನು. ನೀನ್ ಓದ್ದೆ, ನಾನ್ ಕೇಳ್ಲಿಲ್ಲ. ಆವತ್ತೊಂದೇ ದಿನ ಅಲ್ಲ. ಆ ಬ್ಯಾಸ್ಗೆಲಿ ಯಾವ್ದ್ನೂ ಕೇಳ್ಲಿಲ್ಲ. ಒಂದ್ ದಿನ ಬಾಬಿನ್ ನೂಲು ಮುಗ್ದು ನಿಲ್ಲಿಸ್ದೆ, ನೀನು ಪಾಸು ಅಂದ್ಕೊಂಡು ಎದ್ದೋದೆ. ಆಮ್ಯಾಕೆ ಬೇಕೂಂತಲೇ ನಿಲ್ಲಿಸ್ದೆ. ನಿನ್ ದನಿ ಸಣ್ಣಗಾದ್ ಕೂಡ್ಲೆ ನಿಲ್ಲಿಸ್ಬುಡ್ತಿದ್ದೆ. ಬೇಗ ಮುಗೀಲಿ ಅಂತ.”

ಅಕ್ಕನ ಕೈ ರಾಗಿಯ ಮೇಲೇ ಇತ್ತು. ನನ್ನ ಮುಖ ನೋಡುತ್ತಿದ್ದಳು. ವಠಾರದ ಯಾರೋ ನೀರಿನ ಕೊಡ ಹೊತ್ತು ನಮ್ಮ ಪಕ್ಕದಲ್ಲೇ ಹಾದುಹೋದರು.

“ಡೈರೆಕ್ಟ್ರು ಕೇಳಿದಾಗ?” ಎಂದಳು ಕಡೆಗೆ.

“ಸುಳ್ಳು ಹೇಳ್ದೆ. ಎರಡ್ ಸಲ ಹೇಳ್ದೆ. ವ್ಯಾನ್ ಹತ್ರ ನಾನೊಬ್ನೇ ಇದ್ದಾಗ್ಲೂ ಅವ್ರು ಕೇಳಿದ್ರು. ಆ ಸೀನು ಕೆಟ್ಟದಾಗಿತ್ತೋ ಒಳ್ಳೇದಾಗಿತ್ತೋ ನಂಗೆ ಇವತ್ಗೂ ಗೊತ್ತಿಲ್ಲ ಕಣಕ್ಕ. ನಿಂಗೆ ಗೊತ್ತಾಗ್ದೆ ಇದ್ದಿದ್ದಲ್ಲ, ನಾನು ಗೊತ್ತಾಗಕ್ಕೆ ಬುಡ್ಲಿಲ್ಲ. ಇಷ್ಟ್ ವರ್ಸ ನೀನು ನಿನ್ನ ಬೈಕೊಂಡು ಕೂತಿದ್ದೆ, ನಾನು ಅದ್ನ ನೋಡ್ಕಂಡು ಬಾಯಿ ಮುಚ್ಕಂಡಿದ್ದೆ. ನನ್ನ ಜೊತೆ ಮಾತಾಡ್ಬ್ಯಾಡ, ಬೈಯಿ, ಏನ್ ಬೇಕಾದ್ರೂ ಮಾಡು. ನಾಳೆ ಅವ್ರಿಗೆ ಆಗಲ್ಲ ಅಂತ ಮಾತ್ರ ನನ್ ಸುಳ್ಳು ನಂಬ್ಕಂಡು ಹೇಳ್ಬ್ಯಾಡ. ತಪ್ಪಾಯ್ತು ಕಣಕ್ಕ. ನಿಂಗೆ ಅನ್ಯಾಯ ಮಾಡ್ದೆ. ನನ್ನ ಕ್ಷಮಿಸ್ಬುಡು.”